ನಡೆಯದ ಸಭೆಯ ಸರ್ವಾನುಮತ

ಇಸ್ತ್ರಿಯಕ್ಕನನ್ನು ಶಾಲಾ ಸಮಿತಿಗೆ ಸೇರಿಸಿಕೊಂಡದ್ದೇ ಅವಳು ಬಾಯಿ ಬಿಡುವುದಿಲ್ಲ ಎಂಬ ಧೈರ್ಯದ ಮೇಲೆ. ಪೋಷಕರ ಪೈಕಿ ಒಬ್ಬ ಹೆಂಗಸು ಇರಲೇಬೇಕೆಂದು ನಿಯಮವಿತ್ತು. ಸಮಿತಿಯ ಅಧ್ಯಕ್ಷರು ಮರದ ಡಿಪೋ ಇಟ್ಟುಕೊಂಡಿದ್ದ ದೊಡ್ಡ ಮನುಷ್ಯರು. "ಆ ಇಸ್ತ್ರಿ ಹಾಕೋಳು ಇದಾಳಲ್ಲ, ಪಾಪ, ಅವಳ ಹೆಸರೇ ಬರ್ಕೊಳ್ಳಿ" ಅಂದರು. ಬರೆದುಕೊಂಡರು. ಅವಳಿಗೆ ಸುದ್ದಿ ಮುಟ್ಟಿದ್ದು ಮೂರು ದಿನದ ಮೇಲೆ.

ಮೂರಂತಸ್ತಿನ ಮನೆಯೊಂದರ ಮೆಟ್ಟಿಲ ಕೆಳಗಿನ ಜಾಗವೇ ಅವಳ ಅಂಗಡಿ. ಮೇಜಿನ ಮೇಲೆ ಮಡಿಸಿ ಹಾಸಿದ ಹಳೆಯ ಕಂಬಳಿ, ಅದರ ಮೇಲೆ ಬಿಳಿ ಬಟ್ಟೆ, ನೀರು ಚಿಮುಕಿಸಲು ಮುಚ್ಚಳಕ್ಕೆ ತೂತು ಹೊಡೆದ ಬಾಟಲಿ. ನೆಟ್ಟಗೆ ನಿಂತರೆ ತಲೆ ತಾಗುವ ಆ ಜಾಗದಲ್ಲಿ ಹದಿನಾಲ್ಕು ವರ್ಷದಿಂದ ಬಗ್ಗಿಯೇ ದುಡಿಯುತ್ತಿದ್ದಳು. ಮಾತು ಕಡಿಮೆ, ನಿಜ. ಕಾದ ಇಸ್ತ್ರಿ ಕೈಯಲ್ಲಿ ಹಿಡಿದು ಹರಟೆಗೆ ನಿಂತರೆ ಯಾರದೋ ಅಂಗಿ ಸುಡುತ್ತದೆ, ಅಷ್ಟೆ. ಅದನ್ನೇ ಬೀದಿಯವರು ಮೆದು ಸ್ವಭಾವ ಅಂದುಕೊಂಡಿದ್ದರು. ಅವಳ ಅತ್ತೆಯನ್ನು ಕೇಳಿದ್ದರೆ ಬೇರೆಯೇ ಉತ್ತರ ಸಿಗುತ್ತಿತ್ತು.

ಸಮಿತಿಯ ಕೆಲಸವೆಂದರೆ ಇಷ್ಟು: ಶಾಲೆಯ ಜವಾನ ನಡಾವಳಿ ಪುಸ್ತಕ ತಂದು, ಪುಟದ ಮೇಲೆ ಬೆರಳಿಟ್ಟು, "ಅಕ್ಕಾ, ಇಲ್ಲೊಂದು ಸೈನ್" ಅನ್ನುವುದು. ಎರಡು ಸಲ ಅವಳು ಓದದೆಯೇ ಹಾಕಿಕೊಟ್ಟಳು. ಮೂರನೆಯ ಸಲ ಕರೆಂಟ್ ಹೋಗಿತ್ತು, ಕೈ ಖಾಲಿ. ಪುಸ್ತಕ ಬಿಡಿಸಿಕೊಂಡು ನಿಧಾನವಾಗಿ ಓದತೊಡಗಿದಳು.

ಆರು ಮತ್ತು ಏಳನೆಯ ತರಗತಿಗಳನ್ನು ಮುಚ್ಚುವುದು, ಮಕ್ಕಳನ್ನು ಹೆದ್ದಾರಿಯ ಆಚೆಯ ಶಾಲೆಗೆ ಕಳಿಸುವುದು, ಖಾಲಿಯಾಗುವ ಎರಡು ಕೋಣೆಗಳನ್ನು ಸಾಮಾನು ಇಡಲು ಅಧ್ಯಕ್ಷರ ಸುಪರ್ದಿಗೆ ಒಪ್ಪಿಸುವುದು. ಕಳೆದ ಗುರುವಾರದ ಸಭೆ ಇದನ್ನೆಲ್ಲ ಸರ್ವಾನುಮತದಿಂದ ಒಪ್ಪಿತು ಎಂದಿತ್ತು.

ಅವಳ ಮಗಳು ಆಗ ಐದನೆಯ ತರಗತಿ. ಅದಿರಲಿ, ಆ ಗುರುವಾರ ಅಧ್ಯಕ್ಷರು ಪರವೂರಿನ ಮದುವೆಯಲ್ಲಿದ್ದರು. ಅವರ ಕೋಟಿಗೆ ಇಸ್ತ್ರಿ ಹಾಕಿ ಕಳಿಸಿದವಳೇ ಇವಳು!

ಪೆನ್ನು ತೆಗೆದುಕೊಂಡು ಸಹಿಯ ಜಾಗದಲ್ಲಿ ದಪ್ಪಗೆ ಬರೆದಳು: "ಈ ಸಭೆ ನಡೆದಿಲ್ಲ. ನಾನು ಒಪ್ಪಿಲ್ಲ." ಕೆಳಗೆ ತನ್ನ ಹೆಸರು, ತಾರೀಕು.

"ಅಯ್ಯೋ ಅಕ್ಕಾ, ಪುಸ್ತಕ ಹಾಳ್ಮಾಡ್ಬಿಟ್ರಲ್ಲ!" ಜವಾನ ಪುಸ್ತಕ ಎಳೆದುಕೊಂಡ.

"ಅದು ಮೊದಲೇ ಹಾಳಾಗಿತ್ತು ಕಣಪ್ಪ. ಈ ಪುಟದಲ್ಲಿ ನಾನು ಬರೆದಿದ್ದೊಂದೇ ನಿಜ."

ಸಂಜೆ ಅಧ್ಯಕ್ಷರೇ ಬಂದರು. ಮೆಟ್ಟಿಲ ಕೆಳಗೆ ತಲೆ ತಗ್ಗಿಸಿ ನಿಂತು, ನಗುತ್ತಲೇ ಶುರು ಮಾಡಿದರು.

"ನೋಡಮ್ಮ, ಆಚೆ ಶಾಲೆ ದೊಡ್ಡದು. ಮಕ್ಕಳಿಗೇ ಒಳ್ಳೇದು. ಗೊತ್ತಿಲ್ಲದ ವಿಷಯಕ್ಕೆ ಯಾಕೆ ತಲೆ ಹಾಕ್ತೀಯ?"

"ಸಭೆ ಕರೆದು ಹೇಳಿ ಸಾರ್. ಗೊತ್ತಾಗುತ್ತೆ."

ಅವರ ನಗು ಆರಿತು. "ಈ ಜಾಗ ಯಾರದು ಅನ್ನೋದಾದ್ರೂ ಗೊತ್ತು ತಾನೆ?"

"ಮೆಟ್ಟಿಲು ನಿಮ್ಮ ಭಾವಂದು. ಕೈ ನಂದು," ಅಂದವಳೇ ಮುಂದಿನ ಅಂಗಿ ಬಿಡಿಸಿ ಮೇಜಿನ ಮೇಲೆ ಹಾಸಿದಳು.

ಮನೆಗೆ ಬಂದು ಹೇಳಿದಾಗ, ಗೋಡೆಗೆ ಬಣ್ಣ ಬಳಿಯುವ ಕೆಲಸದ ಗಂಡ ಹೌಹಾರಿದ. "ನಮಗ್ಯಾಕೆ ಇಲ್ಲದ ಉಸಾಬರಿ? ಬರೆದಿದ್ದನ್ನ ಹೊಡೆದ್ಹಾಕಿ ಸುಮ್ನೆ ಸೈನ್ ಮಾಡ್ಬಾರ್ದಾ?"

ಮೂಲೆಯಲ್ಲಿ ಕಾಲು ನೀಡಿ ಕೂತಿದ್ದ ಅತ್ತೆ ಗದರಿದಳು: "ಓದೋಳು ನಿನ್ನ ಮಗಳು ಕಣೋ, ಉಸಾಬರಿ ಅಂತೆ! ಇವಳು ಹದಿನಾಲ್ಕು ವರ್ಷ ನನ್ನ ಹತ್ರ ಜಗಳ ಆಡಿ ಪಳಗಿದೋಳು. ಆ ಡಿಪೋದವನು ಯಾವ ಮಹಾ?"

ಮರುದಿನ ಅವಳು ಮುಖ್ಯೋಪಾಧ್ಯಾಯಿನಿಯ ಕೋಣೆಗೆ ಹೋದಳು. ಆಕೆ ಬಾಗಿಲು ಮುಂದೆ ಮಾಡಿ, ನಿಯಮಾವಳಿಯ ಒಂದು ಪುಟ ತೆರೆದಿಟ್ಟು, ತಾವು ಕಿಟಕಿಯ ಕಡೆ ತಿರುಗಿ ನಿಂತರು. ಮೂರರಲ್ಲೊಂದು ಪಾಲು ಪೋಷಕರು ಸಹಿ ಹಾಕಿ ಕೇಳಿದರೆ ಹದಿನೈದು ದಿನದೊಳಗೆ ಎಲ್ಲ ಪೋಷಕರ ಸಭೆ ಕರೆಯಲೇಬೇಕು. "ನಾನು ತೋರಿಸ್ದೆ ಅನ್ಬೇಡಮ್ಮ" ಎಂದಷ್ಟೇ ಆಕೆಯ ಬಾಯಿಂದ ಬಂದದ್ದು.

ಬಟ್ಟೆಯ ಗಂಟು ಹೊತ್ತು ಮನೆಮನೆಗೆ ಹೋಗುವುದು ಅವಳ ದಿನದ ಕೆಲಸವೇ. ಈಗ ಗಂಟಿನ ಜೊತೆ ಒಂದು ಹಾಳೆಯೂ ಹೋಯಿತು. ಕೆಲವರು ಬಾಗಿಲ ಸಂದಿಯಿಂದಲೇ ಬಟ್ಟೆ ಈಸಿಕೊಂಡರು. ಒಬ್ಬಾತ ಹೆಂಡತಿಯನ್ನು ಕೇಳಬೇಕು ಅಂದ, ಅವನ ಹೆಂಡತಿ ಗಂಡನನ್ನು ಕೇಳಬೇಕು ಅಂದಳು. "ಇಬ್ರೂ ಕೇಳ್ಕೊಳ್ಳಿ, ನಾನು ಇಲ್ಲೇ ನಿಂತಿರ್ತೀನಿ" ಎಂದು ಅವಳು ಹೊಸ್ತಿಲಲ್ಲೇ ನಿಂತಳು. ಬೇಕಿದ್ದದ್ದು ಮೂವತ್ತು ಸಹಿ, ಸಿಕ್ಕಿದ್ದು ಐವತ್ತೆಂಟು.

ಸಭೆಯ ದಿನ ಸಭಾಂಗಣದ ಬೀಗದ ಕೈ ಕಳೆದುಹೋಗಿತ್ತು. "ಇನ್ನೊಂದಿನ ಮಾಡೋಣ" ಅಂದರು ಅಧ್ಯಕ್ಷರು. ಇಸ್ತ್ರಿಯಕ್ಕ ಅಂಗಳದ ಮಣ್ಣಿನ ಮೇಲೆ ಕೂತುಬಿಟ್ಟಳು. ಅವಳ ಪಕ್ಕ ಅತ್ತೆ, ಅವರ ಹಿಂದೆ ಉಳಿದವರೆಲ್ಲ.

ಅವಳು ಎದ್ದು, ಮುಖ್ಯೋಪಾಧ್ಯಾಯಿನಿಯ ಕೈಯಿಂದ ಪುಸ್ತಕ ಈಸಿಕೊಂಡು, ನಡಾವಳಿಯನ್ನು ಗಟ್ಟಿಯಾಗಿ ಓದಿದಳು. ಓದಿ ಮುಗಿಸಿ ಕೇಳಿದಳು: "ಆ ಗುರುವಾರ ಸಭೆಗೆ ಬಂದಿದ್ದೋರು ಕೈ ಎತ್ತಿ."

ಒಂದು ಕೈಯೂ ಏಳಲಿಲ್ಲ. ಕೊನೆಗೆ ಸಮಿತಿಯಲ್ಲಿದ್ದ ಬಸ್ ಡ್ರೈವರ್ ಎದ್ದು ನಿಂತ. "ನಾನು ಓದದೆ ಸೈನ್ ಹಾಕ್ದೆ. ತಪ್ಪಾಯ್ತು."

"ನಾನೂ ಎರಡು ಸಲ ಹಾಗೇ ಹಾಕಿದೀನಿ ಅಣ್ಣ," ಅಂದಳು ಅವಳು.

ಅಧ್ಯಕ್ಷರು ಮತ್ತೆ ಆಚೆಯ ಶಾಲೆಯ ಗುಣಗಾನಕ್ಕೆ ತೊಡಗಿದರು. ಅವಳು ತಡೆದಳು. "ಶಾಲೆ ಚೆನ್ನಾಗೇ ಇರ್ಬಹುದು ಸಾರ್. ರಸ್ತೆ? ಬನ್ನಿ, ಈಗ್ಲೇ ಎಲ್ಲರೂ ಹೋಗಿ ದಾಟೋಣ. ನೀವೇ ಮುಂದೆ ನಡೀರಿ."

ಎಲ್ಲರೂ ಎದ್ದರು. ಅಧ್ಯಕ್ಷರಿಗೆ ಹೋಗದೆ ವಿಧಿಯಿರಲಿಲ್ಲ. ಹೆದ್ದಾರಿಯ ಅಂಚಿನಲ್ಲಿ ಅವರು ಒಂದು ಹೆಜ್ಜೆ ಮುಂದಿಟ್ಟರು, ಲಾರಿ ಬಂತು, ಹಿಂದೆ ಸರಿದರು. ಮತ್ತೊಂದು ಬಂತು. ಧೂಳು, ಹಾರ್ನು, ಬೀಸಿ ಹೊಡೆಯುವ ಬಿಸಿಗಾಳಿ. ಹನ್ನೊಂದು ನಿಮಿಷ ಕಳೆದರೂ ಅವರು ಈ ಬದಿಯಲ್ಲೇ ಇದ್ದರು. ಯಾರೂ ನಗಲಿಲ್ಲ. ತಾಯಂದಿರು ಆಚೆ ದಡವನ್ನೇ ನೋಡುತ್ತಿದ್ದರು.

ಅಂಗಳಕ್ಕೆ ಮರಳಿ ಕೈ ಎಣಿಸಿದರು. ತರಗತಿ ಮುಚ್ಚಬಾರದೆಂದು ಎಪ್ಪತ್ತಮೂರು, ಮುಚ್ಚಲೆಂದು ನಾಲ್ಕು. ಮುಖ್ಯೋಪಾಧ್ಯಾಯಿನಿ ಹಳೆಯ ನಿರ್ಣಯದ ಮೇಲೆ ಅಡ್ಡಗೆರೆ ಎಳೆದರು. ಈ ಸಲ ಕಿಟಕಿಯ ಕಡೆ ತಿರುಗಲಿಲ್ಲ.

ತಿಂಗಳೊಳಗೆ ಮೆಟ್ಟಿಲ ಕೆಳಗಿನ ಜಾಗ ಹೋಯಿತು. ಒಂದಷ್ಟು ಮನೆಯವರು ಬಟ್ಟೆ ಕೊಡುವುದನ್ನೂ ಬಿಟ್ಟರು. ಅವಳು ಮೇಜನ್ನು ತನ್ನ ಮನೆಯ ಮುಂಬಾಗಿಲಿಗೆ ಎಳೆದು ಹಾಕಿಕೊಂಡಳು. ಸಮಿತಿಯ ಅವಧಿ ಮುಗಿದಾಗ ಅಧ್ಯಕ್ಷ ಸ್ಥಾನಕ್ಕೆ ತಾನೇ ನಿಂತು, ಔಷಧಿ ಅಂಗಡಿಯವನ ಎದುರು ಎರಡು ಓಟಿನಿಂದ ಸೋತಳು.

"ಸಾಕಾಯ್ತಾ?" ಅಂದ ಗಂಡ. ದನಿಯಲ್ಲಿ ಕೊಂಕಿರಲಿಲ್ಲ.

"ಎರಡೇ ಓಟು," ಅಂದಳು ಅವಳು. "ಯಾವ ಎರಡು ಮನೆ ಅಂತಾನೂ ಗೊತ್ತು. ಮುಂದಿನ ಚುನಾವಣೆಗೆ ಇನ್ನೂ ಎರಡು ವರ್ಷ ಟೈಮಿದೆ, ಮಾತಾಡ್ತೀನಿ."

ಆ ವರ್ಷ ಆರನೆಯ ತರಗತಿಗೆ ಹತ್ತೊಂಬತ್ತು ಮಕ್ಕಳು ಸೇರಿದರು. ಔಷಧಿ ಅಂಗಡಿಯವನ ಮಗನೂ ಅವರಲ್ಲೊಬ್ಬ.