ಬೆವರುವ ಹೆಬ್ಬೆರಳು

ನನ್ನ ಹೆಬ್ಬೆರಳು ನನ್ನದೇ ಎಂದು ನಂಬಿಸುವುದು ನನಗಿನ್ನೂ ಸಾಧ್ಯವಾಗಿಲ್ಲ. ಬಾಗಲಕೋಟೆಯ ನಮ್ಮ ಕಾಲೇಜಿನ ಬಾಗಿಲಿಗೆ ಹಾಜರಿ ಯಂತ್ರ ಬಂದಾಗಿನಿಂದ ಈ ವಾದ ನಡೆದೇ ಇದೆ. ಉಳಿದವರು ಬೆರಳಿಟ್ಟರೆ ಹಸಿರು ದೀಪ, ನಾನಿಟ್ಟರೆ ಕೆಂಪು. ಕಾರಣ ಸರಳ. ಚಿಂತೆ ಹತ್ತಿದರೆ ನನ್ನ ಅಂಗೈ ಬೆವರುತ್ತದೆ. ಚಿಂತೆ ಹತ್ತದ ಹೊತ್ತು ಎಂಬುದೊಂದು ನನಗಿಲ್ಲ. ಯಂತ್ರ ಒಪ್ಪೀತೋ ಇಲ್ಲವೋ ಎಂದು ಬೆವರುತ್ತೇನೆ, ಬೆವರಿದ್ದಕ್ಕೆ ಅದು ಒಪ್ಪುವುದಿಲ್ಲ. ನಮ್ಮ ಅಲಂಕಾರಶಾಸ್ತ್ರದ ಹಿರಿಯರು ಬೆವರನ್ನು ಸಾತ್ತ್ವಿಕ ಭಾವಗಳ ಸಾಲಿನಲ್ಲಿ, ರೋಮಾಂಚನದ ಜೊತೆಗೇ ಕೂರಿಸಿದ್ದಾರೆಂದು ವರ್ಷವರ್ಷವೂ ಪಾಠ ಹೇಳುತ್ತೇನೆ. ಯಂತ್ರ ಆ ಪಾಠಕ್ಕೆ ಗೈರುಹಾಜರು.

ಸುಮ್ಮನಿರಲಾರದೆ ಒಂದು ಸಂಜೆ ಅದನ್ನು ತಯಾರಿಸಿದ ಕಂಪನಿಯ ಬಗ್ಗೆ ಮೊಬೈಲಿನಲ್ಲಿ ಓದಿದೆ. ನನ್ನಂಥವರು ಓದಬಾರದು. ಅದೇ ಕಂಪನಿ ರೈಲ್ವೆಗೆ ಸಿಗ್ನಲ್ಲುಗಳನ್ನೂ ಮಾಡಿಕೊಡುತ್ತದಂತೆ! ನಾನೋ ದಿನಾ ಬಾದಾಮಿಯಿಂದ ರೈಲಿನಲ್ಲಿ ಬರುವವನು. ಮಾರನೆಯ ದಿನದಿಂದ ಕಿಟಕಿಗೆ ಅಂಟಿಕೊಂಡು ಸಿಗ್ನಲ್ ಕಂಬಗಳ ಕಾವಲು ಶುರುವಾಯಿತು. ತಮ್ಮ ಯಂತ್ರದ ಮೈಮೇಲೆ ಇಟ್ಟ ಬೆರಳಿನ ಗುರುತು ಹತ್ತದವರಿಗೆ ದೂರದ ರೈಲಿನ ಗುರುತು ಹತ್ತೀತೆ? ಹೆಂಡತಿಯ ಮುಂದೆ ಹೇಳಿದರೆ, "ರೈಲು ನಿಮ್ಹಂಗ ಬೆವರೂದಿಲ್ಲ ಬಿಡ್ರಿ" ಎಂದಳು.

ನಾನೂ ನಗಬಹುದಿತ್ತು. ಆದರೆ ಇಳಕಲ್ಲಿನಲ್ಲಿರುವ ನಮ್ಮಕ್ಕನ ಕಣ್ಣಿನ ಪೊರೆ ತೆಗೆಸುವುದಿತ್ತು. "ತಮ್ಮಾ, ನೀ ಬಂದು ಕೈ ಹಿಡಕೊಂಡು ಕುಂತ್ರ ಅಷ್ಟ ನಾ ದವಾಖಾನಿ ಮೆಟ್ಟಲಾ ಹತ್ತಾಕಿ" ಎಂದು ಆಕೆ ಹಟ ಹಿಡಿದಿದ್ದಳು. ನನಗೆ ಉಳಿದದ್ದು ಒಂದೇ ರಜೆ. ಇಂತಿಷ್ಟು ಕೆಂಪಿಗೆ ಒಂದು ರಜೆ ಕಡಿತವೆಂಬ ನಿಯಮವಿತ್ತು. ಕೆಂಪು ದೀಪಗಳು ಕೂಡಿ ಕೂಡಿ, ಇನ್ನೊಮ್ಮೆ ಹಾಜರಿ ತಪ್ಪಿದರೆ ಅದೂ ಕೈಬಿಡುವಂತಾಗಿತ್ತು.

ಆಪರೇಶನ್ನಿನ ಹಿಂದಿನ ದಿನ ಮತ್ತೆ ಕೆಂಪು. ಬೆನ್ನ ಹಿಂದೆ ಉದ್ದ ಸಾಲು. ಗುಮಾಸ್ತ ಈರಣ್ಣ ಹಣೆಗೆ ಮೂರು ಪಟ್ಟಿ ವಿಭೂತಿ ತಪ್ಪಿಸದವರು. ಮೇಜಿನ ಡ್ರಾವರಿನಲ್ಲೂ ಒಂದು ಗಟ್ಟಿ ಇಟ್ಟಿರುತ್ತಾರೆ. "ಸರ, ಇದನ್ನ ಬೆರಳಿಗೆ ಚೂರ ತಿಕ್ಕೋರಿ. ಹಸಿ ಎಲ್ಲಾ ಹೀರ್ಕೊಂತೈತಿ" ಎಂದು ಕೊಟ್ಟರು.

ಚಿಂತೆಯವನಿಗೆ 'ಚೂರು' ಎಂಬ ಅಳತೆ ತಿಳಿದೀತೆ? ಬೆರಳಿಗೆಲ್ಲ ಧಾರಾಳವಾಗಿ ಬಳಿದುಕೊಂಡೆ. ಮಹಾನವಮಿಯ ಖಂಡೆಪೂಜೆಯಲ್ಲಿ ಸೈಕಲ್ಲಿನಿಂದ ಹಿಡಿದು ಹೊಲಿಗೆ ಯಂತ್ರದವರೆಗೆ ಎಲ್ಲಕ್ಕೂ ವಿಭೂತಿ ಎಳೆದು ಬೆಳೆದ ಕೈ ನನ್ನದು. ಎದುರಿಗೆ ಯಂತ್ರ, ಬೆರಳಲ್ಲಿ ವಿಭೂತಿ. ನನಗೆ ತಿಳಿಯುವ ಮೊದಲೇ ಆ ಕೈ ಗಾಜಿನ ಮೇಲೆ ಸರಸರನೆ ಮೂರು ಪಟ್ಟಿ ಎಳೆದುಬಿಟ್ಟಿತ್ತು. ಬೆವರು ಬೆರೆತು ಅದು ಸುಣ್ಣದಂತೆ ಕೂತಿತು. ಒರೆಸಿದಷ್ಟೂ ಹರಡಿತು.

"ಆತ್ರೀ ಸರ, ಇದು ದೇವರಾತು. ಇನ್ನ ಬೆರಳ ಇಡಾಂಗಿಲ್ಲ, ಕೈ ಮುಗ್ಯೂದಷ್ಟ" ಎಂದರು ಈರಣ್ಣ.

ಹಿಂದಿನವರಿಗೆಲ್ಲ ಕೆಂಪು. ಅಷ್ಟರಲ್ಲಿ ಪ್ರಾಂಶುಪಾಲರು ಬಂದು ಗತ್ತಿನಿಂದ ಬೆರಳಿಟ್ಟರು. ಅವರೂ ಅವರಲ್ಲ ಎಂದುಬಿಟ್ಟಿತು ಯಂತ್ರ. ಅವರ ಕಿವಿಗಳೂ ದೀಪದಷ್ಟೇ ಕೆಂಪಾದವು. "ಇದರ ಹಣೇಬರಾ! ಇವತ್ತ ಎಲ್ಲಾರೂ ಸಹಿ ಮಾಡ್ರಿ" ಎಂದು ಹಳೆಯ ಹಾಜರಿ ಪುಸ್ತಕ ತರಿಸಿದರು. ಎಲ್ಲರಿಗಿಂತ ಮೊದಲು ಸಹಿ ಹಾಕಿದವನು ನಾನು. ರಜೆ ಉಳಿಯಿತು.

ಮರುದಿನ ಇಳಕಲ್ಲಿನಲ್ಲಿ ಅಕ್ಕನ ಕೈ ಹಿಡಿದು ಧೈರ್ಯ ಹೇಳಿದೆ. ಧೈರ್ಯ ಬೇಕಾಗಿದ್ದದ್ದು ಯಾರಿಗೆಂದು ಡಾಕ್ಟರರು ನನ್ನ ಮುಖ ನೋಡಿಯೇ ತಿಳಿದುಕೊಂಡರು. ಎಲ್ಲ ಸುಸೂತ್ರವಾಯಿತು. ಹೊರಗೆ ಹೋಗಿ ಚಹಾ ಕುಡಿದು ಬಂದಾಗ ಅಕ್ಕ ಕಣ್ಣಿಗೆ ಪಟ್ಟಿ ಕಟ್ಟಿಸಿಕೊಂಡು ಮಲಗಿದ್ದಳು. ಎಚ್ಚರವಾದೀತೆಂದು ಮಾತಾಡದೆ ಮೆಲ್ಲಗೆ ಕೈ ಮುಟ್ಟಿದೆ.

"ಬಂದ್ಯಾ ತಮ್ಮಾ?"

"ಕಣ್ಣು ಕಟ್ಟ್ಯಾರಲ್ಲ, ಹೆಂಗ ಗೊತ್ತಾತಕ್ಕಾ?"

"ಇಷ್ಟು ಹಸಿ ಕೈ ನಮ್ಮ ಮನ್ಯಾಗ ಮತ್ಯಾರದೈತಿ? ಸಣ್ಣಾಂವ ಇದ್ದಾಗ ನಿನ್ನ ಸಾಲಿಗೆ ಕರಕೊಂಡು ಹೋಗೂ ಮುಂದ ಮೀನಿನಂಗ ಜಾರತಿದ್ದಿ."

ಕೈ ಒರೆಸಿಕೊಳ್ಳಲೆಂದು ತೆಗೆದ ಕರವಸ್ತ್ರವನ್ನು ಮತ್ತೆ ಜೇಬಿಗೆ ಹಾಕಿಕೊಂಡೆ. ಚಿಂತೆ ಬಿಡಿ, ಬೆವರು ತಾನೇ ನಿಲ್ಲುತ್ತದೆ ಎಂದು ಗೆಳೆಯರು ಈಗಲೂ ಹೇಳುತ್ತಾರೆ. ನಿಂತರೆ ಯಂತ್ರಕ್ಕೇನೋ ಅನುಕೂಲ. ಅಕ್ಕನಿಗೆ ನನ್ನ ಗುರುತು ಸಿಗಬೇಡವೇ?