ಹಲಸೂರಿನ ವಠಾರದಲ್ಲಿ ನಿಮ್ಮಮ್ಮನ ಸಿನಿಮಾ

ಚಿನ್ನೂ, ಪುಟ್ಟೀ, ನಿಮ್ಮಮ್ಮ ಸಿನಿಮಾ ಮಾಡುವವಳೆಂದು ಶಾಲೆಯಲ್ಲಿ ಹೇಳಿಕೊಂಡು ಬೀಗುತ್ತೀರಿ. ಅವಳ ಮೊದಲ ಸಿನಿಮಾದಲ್ಲಿ ಒಬ್ಬ ಮನುಷ್ಯ ಸಾಯುವುದರಲ್ಲಿದ್ದ. ಬಾಯಿಬಿಟ್ಟು ಹೇಳಲು ನಿಮ್ಮ ಈ ಅಜ್ಜಿಗೆ ಆಗುವುದಿಲ್ಲ, ಬರೆಯುತ್ತೇನೆ.

ಎರಡು ಸಾವಿರದ ಇಸವಿ ದಾಟಿದ ಹೊಸದು. ನಿಮ್ಮ ತಾತ ತೀರಿಕೊಂಡಿದ್ದರು. ಅವಳು ಶಿವಾಜಿನಗರದಲ್ಲಿ ಮದುವೆ ವಿಡಿಯೊ ತೆಗೆಯುವವರ ಬಳಿ ಕೆಲಸಕ್ಕಿದ್ದಳು. ರಜೆಯಲ್ಲಿ ಅವರದೇ ಸಣ್ಣ ಕ್ಯಾಮೆರಾ ತಂದು ತನ್ನ ಆ ಮೊದಲ ಚಿತ್ರ ತೆಗೆಯುತ್ತಿದ್ದಳು. ದೀಪವಿಲ್ಲ, ಸಂಗೀತವಿಲ್ಲ. ಒಮ್ಮೆ ಶುರು ಮಾಡಿದರೆ ಕ್ಯಾಸೆಟ್ ಮುಗಿಯುವತನಕ ನಿಲ್ಲಿಸುತ್ತಿರಲಿಲ್ಲ, ಆಮೇಲೆ ಕತ್ತರಿಸುತ್ತಲೂ ಇರಲಿಲ್ಲ. ಕ್ಯಾಮೆರಾ ಇದೆಯೆಂದು ಸುತ್ತಲಿನವರಿಗೆ ಗೊತ್ತಾದರೆ ಅವರ ಮುಖ ಸುಳ್ಳಾಗುತ್ತದೆ ಎನ್ನುತ್ತಿದ್ದಳು.

ಅದು ಕುಡಿದು ತಾಯಿಯನ್ನು ಹೊಡೆಯುವ ಮಗನ ಕಥೆ. ತಾಯಿಯ ಪಾತ್ರಕ್ಕೆ ಯಾರೂ ಸಿಗದೆ ನನ್ನನ್ನೇ ಹಿಡಿದಳು.

"ನೀನೇನೂ ನಟನೆ ಮಾಡ್ಬೇಡಮ್ಮ. ಹೊಡೆಸ್ಕೊಳ್ಳೋದು ನಿಂಗೆ ಗೊತ್ತಲ್ಲ."

ಗೊತ್ತಿತ್ತು. ನಿಮ್ಮ ತಾತ ಇಪ್ಪತ್ತು ವರ್ಷ ಕಲಿಸಿದ್ದರು. ಮಗನಾಗಿ ನಟಿಸಿದವನು ಅಚ್ಚುಕೂಟದ ಕೆಲಸಗಾರ, ನಾಟಕದ ಹುಚ್ಚಿನವನು. ಹಲಸೂರಿನ ಒಂದು ವಠಾರದಲ್ಲಿ ನಾವಿಬ್ಬರೂ ನಾಲ್ಕು ದಿನ ತಾಯಿ ಮಗನೆಂದೇ ಹೇಳಿಕೊಂಡು ಇದ್ದೆವು. ಎದುರು ಮಹಡಿಯ ಕಿಟಕಿಯಲ್ಲಿ, ಒಣಹಾಕಿದ ಸೀರೆಯ ಹಿಂದೆ ಅವಳ ಕ್ಯಾಮೆರಾ.

ಐದನೆಯ ದಿನ ಬೆಳಗ್ಗೆ ಅವನು ನನ್ನ ಜುಟ್ಟು ಹಿಡಿದು ನಲ್ಲಿಯವರೆಗೂ ಎಳೆದ. ನೀರಿಗೆ ಇಟ್ಟಿದ್ದ ಕೊಡಗಳು ಉರುಳಿದವು. ಅವನು ಕೈ ಎತ್ತಿದ್ದೇ ತಡ, ರಸೆಲ್ ಮಾರುಕಟ್ಟೆಯಲ್ಲಿ ಮಾಂಸದಂಗಡಿ ಇಟ್ಟಿದ್ದ ಪಕ್ಕದ ಮನೆಯಾತ ಲುಂಗಿ ಎತ್ತಿಕಟ್ಟಿ ಬಂದ.

"ಹೆತ್ತ ತಾಯಿಗೇ ಹೊಡೀತೀಯೇನೋ, ನಾಯಿ?"

ಮೊದಲ ಏಟಿಗೇ ತುಟಿ ಸೀಳಿತು. ಹೆಂಗಸರು ಹಿತ್ತಾಳೆ ಕೊಡಗಳಿಂದಲೇ ತಲೆಗೆ ಬಡಿದರು.

"ಇದು ಸಿನಿಮಾ ಕಣಣ್ಣಾ! ಅವ್ನು ನನ್ನ ಮಗನೇ ಅಲ್ಲ!" ಎಂದು ಕೂಗಿಕೊಂಡೆ.

"ಪಾಪ, ಎಷ್ಟು ನೊಂದಿದ್ರೆ ಮಗನೇ ಅಲ್ಲ ಅಂತಾರೆ! ಇನ್ನೂ ನಾಲ್ಕು ಬಿಡ್ರಿ ಅವನಿಗೆ," ಎಂದಳೊಬ್ಬಳು.

ಅವನು ಕೆಳಗೆ ಬಿದ್ದ. ಕಿವಿಯಿಂದ ರಕ್ತ ಇಳಿಯಿತು. ಆದರೂ ಒದೆಯುತ್ತಿದ್ದರು. ಕಿಟಕಿಯತ್ತ ತಿರುಗಿ ಮಗಳನ್ನು ಕೂಗಿದೆ. ಸೀರೆ ಅಲ್ಲಾಡಲಿಲ್ಲ. ಅವನ ಮೇಲೆ ಅಡ್ಡ ಬಿದ್ದೆ, ಒಂದು ಕೊಡ ನನ್ನ ಬೆನ್ನಿಗೆ ಬಂದು ಬಡಿಯಿತು. ಆಗ ಅವಳು ಓಡಿ ಬಂದಳು. ಅವಳ ಕೈಯಲ್ಲಿದ್ದ ಕ್ಯಾಮೆರಾ ಕಂಡ ಮೇಲೆಯೇ ಜನ ನಿಲ್ಲಿಸಿದ್ದು.

ಆಸ್ಪತ್ರೆಯ ಬಾಗಿಲಲ್ಲಿ ಅವಳ ಕೆನ್ನೆಗೆ ಬಾರಿಸಿದೆ. ಬದುಕಿನಲ್ಲಿ ನಾನು ಯಾರ ಮೇಲಾದರೂ ಕೈ ಮಾಡಿದ್ದು ಅದೊಂದೇ ಸಲ.

"ಅವ್ನು ಸಾಯ್ತಿದ್ದ ಕಣೇ!"

"ಕ್ಯಾಮೆರಾ ಬಿಟ್ಟು ಬರೋಕಾಗ್ಲಿಲ್ಲಮ್ಮ," ಎಂದು ಅತ್ತಳು.

ಅವನ ಎಡಗಿವಿ ಹೋಯಿತು. ಅವಳು ಕ್ಯಾಸೆಟ್ ತಂದು ಅವನ ಕೈಗಿಟ್ಟು, ಬೇಕಾದರೆ ಸುಟ್ಟುಬಿಡಿ ಎಂದಳು. ಅವನು ಅದನ್ನು ಅವಳಿಗೇ ಹಿಂತಿರುಗಿಸಿದ.

"ತೋರ್ಸಿ. ನಾನು ಬಿದ್ದ ಮೇಲಿಂದು ಮಾತ್ರ ಯಾರೂ ನೋಡ್ಬಾರ್ದು."

ಅವಳು ಅಲ್ಲಿಗೆ ಕತ್ತರಿಸಿದಳು. ಇಂದಿರಾನಗರದ ಒಂದು ಮನೆಯ ಹಜಾರದಲ್ಲಿ ನೋಡಿದವರು, ಏಟು ಬೀಳುವಾಗಲೇ ಪರದೆ ಕಪ್ಪಾಗುವುದನ್ನು ಹೊಗಳಿದರು. ಅದೇ ಅವಳ ಶೈಲಿಯೆಂದು ಪತ್ರಿಕೆಗಳಲ್ಲೂ ಬಂತು. ಅವಳು ಅಲ್ಲ ಎನ್ನಲಿಲ್ಲ. ಆದರೆ ಆಮೇಲಿನ ಪ್ರತಿ ಚಿತ್ರಕ್ಕೂ ಮೊದಲು ಬೀದಿಯ ಮನೆಮನೆಗೆ ಹೋಗಿ, ನಾಳೆ ಇಲ್ಲಿ ಸುಳ್ಳು ಜಗಳ ಎಂದು ಹೇಳಿ ಬರುತ್ತಾಳೆ.

ಅವಳ ಬಗ್ಗೆ ಬರೆದವರಿಗೆ ಇದು ಗೊತ್ತಿಲ್ಲ. ಈ ಹಾಳೆಗಳನ್ನು ನೀರು ತಾಗದ ಕಡೆ ಇಡಿ. ಅವಳು ಕೇಳಿದರೆ ಓದಲು ಕೊಡಿ, ಆದರೆ ವಾಪಸ್ ಇಸಕೊಳ್ಳಿ.