ಪ್ಯಾನೆಲ್ ಏರಿದ ಹಿರಿಯರು

ಮಿತ್ರರೇ, ನಾರಾಯಣಗೂಡದ ನಮ್ಮ ಮನೆಯ ಹಾಲ್‌ನ ಗೋಡೆಗೆ ಇಂದು ಅಡ್ಡ ಸೀಳುಗಳಿರುವ ಪ್ಯಾನೆಲ್ ಹಾಕಿಸಿದೆವು. ಮೊಳೆ ಬೇಡ, ಕೊಕ್ಕೆಯನ್ನು ಯಾವ ಸೀಳಿಗಾದರೂ ಸಿಕ್ಕಿಸಿ ಫೋಟೋ ತೂಗುಹಾಕಬಹುದು.

ನನ್ನ ತಂದೆಯವರ ಭಾವಚಿತ್ರವನ್ನು ಮಾವನವರದಕ್ಕಿಂತ ಒಂದು ಸೀಳು ಮೇಲೆ ಹಾಕಿದೆ. ಶ್ರೀಮತಿಯವರು ಅದನ್ನು ಕಂಡರು.

“ನಮ್ಮಪ್ಪ ಏನು ನಿಮ್ಮಪ್ಪನ ಕೈಕೆಳಗ ನೌಕರಿ ಮಾಡ್ತಿದ್ರೇನ್ರಿ?” ಎಂದು ಕೇಳಿ, ಮಾವನವರನ್ನು ಎರಡು ಸೀಳು ಮೇಲೇರಿಸಿದರು. ನಾನೂ ಸುಮ್ಮನಿರಲಿಲ್ಲ.

ಸಂಜೆಯ ಹೊತ್ತಿಗೆ ಹಿರಿಯರಿಬ್ಬರೂ ಛಾವಣಿಯ ಕೆಳಗಿನ ಕೊನೆಯ ಸೀಳನ್ನು ತಲುಪಿ ಅಕ್ಕಪಕ್ಕ ನಿಂತಿದ್ದರು. ಅವರ ಮುಖ ಸರಿಯಾಗಿ ಕಾಣುವುದಿಲ್ಲ. ಹೂಮಾಲೆ ಹಾಕಲು ಏಣಿಯೇ ಬೇಕು.

“ಈಗರ ಸಮಾಧಾನ ಆತೇನ್ರಿ?” ಎಂದರು ಶ್ರೀಮತಿ.

ಆಯಿತೆಂದೆ. ತಂದೆಯವರ ಫೋಟೋದ ಚೌಕಟ್ಟು ಅರ್ಧ ಇಂಚು ದೊಡ್ಡದೆಂಬ ಸಂಗತಿಯನ್ನು ನಿಮಗೆ ಮಾತ್ರ ತಿಳಿಸುತ್ತಿದ್ದೇನೆ.